ಸಿಎಸ್‌ಆರ್‌ನ (ಕಂಪನಿಯ ಸಾಮಾಜಿಕ ಜವಾಬ್ದಾರಿ) ಕಂಪನಿ ಸ್ಟ್ರಾಟಜಿ ಒಳಗೆ ಸೇರ್ಸೋದು ಅಂದ್ರೆ ಎಂಥದ್ದು? ಮಲ್ನಾಡಿನವ್ರು ಹೇಳಿ

ಆಗುಂಬೆ_ಮಳೆ
ಎಲ್ರಿಗೂ ನಮಸ್ಕಾರ. ನಾನು ತೀರ್ಥಹಳ್ಳಿ ಕಡೆಯವ್ನು, ಈಗ ಬೆಂಗಳೂರಲ್ಲಿ ಒಂದು ಜರ್ಮನ್ ಕಂಪನಿಯ ಇಂಡಿಯಾ ಆಫೀಸಲ್ಲಿ ಪ್ಲಾನಿಂಗ್ ಕೆಲಸ. ಹೆಸ್ರು ಕೇಳ್ಬೇಡಿ, ಕೆಲ್ಸ ಬೇಕು ನಂಗೆ. ನಮ್ಮೋರು ಕಾಫಿ, ಕಾಳುಮೆಣಸು ಕೊಳ್ತಾರೆ, ಅದನ್ನ ಪ್ರೋಸೆಸ್ ಮಾಡೋ ಮೆಷಿನ್ನಿಗೆ ಬೇಕಾದ ಎರಕದ ಭಾಗಗಳನ್ನೂ ಇಲ್ಲೇ ಮಾಡಿಸ್ತಾರೆ. ಈಗ ಮುಂದಿನ ಮೂರು ವರ್ಷದ ಸ್ಟ್ರಾಟಜಿ ಬರೆಯೋ ಟೈಮು. ಹೆಡ್ ಆಫೀಸಿಂದ ಬಂದಿರೋದು ಒಂದೇ ಸಾಲು: ಸಿಎಸ್‌ಆರ್ ಇನ್ಮೇಲೆ ಬೇರೆ ಡಿಪಾರ್ಟ್‌ಮೆಂಟ್ ಆಗಿ ಇರಬಾರ್ದು, ಬಿಸಿನೆಸ್ ಸ್ಟ್ರಾಟಜಿ ಒಳಗೇ ಬರ್ಬೇಕು. ಅದನ್ನ ಬರೆಯೋದು ನನ್ನ ತಲೆಗೆ ಬಂತು.

ಇಲ್ಲಿವರೆಗೂ ನಡೆದಿರೋದು ಏನಂದ್ರೆ, ಮಾರ್ಚ್ ಹತ್ರ ಬಂದ ಹಾಗೆ ದುಡ್ಡು ಖರ್ಚಾಗಿಲ್ಲ ಅಂತ ಗಡಿಬಿಡಿ ಬಿದ್ದು ಯಾವ್ದೋ ಶಾಲೆಗೆ ಕಂಪ್ಯೂಟರ್, ಯಾವ್ದೋ ಆಸ್ಪತ್ರೆಗೆ ಮೆಷಿನ್, ಎಂಡಿ ಜೊತೆ ಫೋಟೋ, ಮುಗೀತು. ಕನ್ಸಲ್ಟೆಂಟ್ ಒಬ್ರು ಬಂದು ಸ್ಲೈಡ್ ಮೇಲೆ ಸ್ಲೈಡ್ ತೋರ್ಸಿದ್ರು, ಪಿರಮಿಡ್ಡು, ಚಕ್ರ, ಬಾಣ ಎಲ್ಲ ಇತ್ತು, ನಮ್ಮ ಕಾಫಿ ಯಾರ ತೋಟದಿಂದ ಬರುತ್ತೆ ಅನ್ನೋದು ಮಾತ್ರ ಒಂದು ಕಡೆನೂ ಇರ್ಲಿಲ್ಲ. ಅದ್ಕೆ ಇಲ್ಲಿ ಕೇಳ್ತಿದೀನಿ. ನೀವು ಇಂಥ ಕಂಪನಿಗೆ ಮಾಲು ಕೊಡೋರು, ಅಲ್ಲಿ ಕೆಲಸ ಮಾಡೋರು, ಅದ್ರ ಫ್ಯಾಕ್ಟರಿ ಪಕ್ಕ ಮನೆ ಇರೋರು ಆಗಿದ್ರೆ ಏನು ಬದಲಾಗ್ಬೇಕು ಅಂತೀರಿ?

ಪತ್ರೊಡೆ_ಪ್ರಿಯ
ಮೊದ್ಲು ಫೋಟೋ ತೆಗೆಯೋದು ನಿಲ್ಸಕ್ಕೆ ಹೇಳಿ. ಅಷ್ಟೇ ನನ್ನ ಸ್ಟ್ರಾಟಜಿ.

ಹೊಸನಗರದ_ಮೇಷ್ಟ್ರು
ಪತ್ರೊಡೆಯವ್ರು ತಮಾಷೆ ಮಾಡಿದ್ರೂ ವಿಷಯ ಅದೇ. ನಮ್ಮ ಶಾಲೆಗೆ ಒಂದು ಕಂಪನಿ ಸ್ಮಾರ್ಟ್ ಬೋರ್ಡ್ ಕೊಡ್ತು. ಒಳ್ಳೇದೇ, ಬೇಡ ಅನ್ನಲ್ಲ. ಆದ್ರೆ ಜೂನಿಂದ ಸೆಪ್ಟೆಂಬರ್ ತನಕ ನಮ್ಮಲ್ಲಿ ಕರೆಂಟ್ ಇರೋದೇ ಅಪರೂಪ, ಮರ ಬಿದ್ರೆ ಲೈನ್ ರೆಡಿ ಆಗೋಕೆ ಎಷ್ಟು ದಿನವೋ. ಬೋರ್ಡಿಗೆ ಈಗ ಪ್ಲಾಸ್ಟಿಕ್ ಹೊದಿಸಿ ಇಟ್ಟಿದೀವಿ ಹಂಚಿನಿಂದ ಸೋರುತ್ತೆ ಅಂತ. ಅವ್ರು ಬಂದಾಗಲೇ ಹೇಳಿದ್ದೆ ಸ್ವಾಮಿ, ನಮಗೆ ಬೇಕಿರೋದು ಕಾಲುಸಂಕ, ಅಂದ್ರೆ ಹಳ್ಳ ದಾಟೋಕೆ ಸಣ್ಣ ಸೇತುವೆ, ಹಳ್ಳದ ಆಚೆಯಿಂದ ಬರೋ ಮಕ್ಕಳು ಮಳೆಗಾಲದಲ್ಲಿ ಅಡಿಕೆ ಮರದ ದಬ್ಬೆ ಮೇಲೆ ನಡ್ಕೊಂಡು ಬರ್ತಾವೆ, ಜೋರು ಮಳೆ ಬಂದ್ರೆ ಶಾಲೆಗೇ ಬರಲ್ಲ ಅಂತ. ಅದಕ್ಕೆ ಅವ್ರು ಹೇಳಿದ್ದು, ಈ ವರ್ಷ ನಮ್ಮ ಥೀಮ್ ಡಿಜಿಟಲ್ ಎಜುಕೇಶನ್, ಸಂಕ ಅದ್ರಲ್ಲಿ ಬರಲ್ಲ. ಮಕ್ಕಳೇ ಬರದೆ ಇದ್ರೆ ಡಿಜಿಟಲ್ ಎಜುಕೇಶನ್ ಯಾರಿಗೆ ಮಾರಾಯ್ರೇ?

ಲೆಕ್ಕದಕ್ಕ
ಶಿವಮೊಗ್ಗದ ದುರ್ಗಿಗುಡಿಯಲ್ಲಿ ಸಿಎ ಪ್ರಾಕ್ಟೀಸ್ ಮಾಡ್ತೀನಿ, ಕಾನೂನು ಏನು ಹೇಳುತ್ತೆ ಅಂತ ಒಂದ್ಸಲ ಸರಿಯಾಗಿ ಹೇಳ್ಬಿಡ್ತೀನಿ, ಆಮೇಲೆ ಜಗಳ ಆಡಿ. ಕಂಪನಿ ಕಾಯ್ದೆ 2013ರ ಸೆಕ್ಷನ್ 135, ಜಾರಿಗೆ ಬಂದಿದ್ದು 2014ರ ಏಪ್ರಿಲ್ 1ರಿಂದ. ಹಿಂದಿನ ವರ್ಷದಲ್ಲಿ ನೆಟ್‌ವರ್ತ್ 500 ಕೋಟಿ, ಇಲ್ಲಾ ಟರ್ನೋವರ್ (ಒಟ್ಟು ವಹಿವಾಟು) 1000 ಕೋಟಿ, ಇಲ್ಲಾ ನಿವ್ವಳ ಲಾಭ 5 ಕೋಟಿ, ಈ ಮೂರರಲ್ಲಿ ಒಂದನ್ನ ಮುಟ್ಟಿದ್ರೂ ಸಾಕು, ಹಿಂದಿನ ಮೂರು ವರ್ಷದ ಸರಾಸರಿ ನಿವ್ವಳ ಲಾಭದ 2% ಖರ್ಚು ಮಾಡ್ಬೇಕು. ಏನೇನಕ್ಕೆ ಅಂತ ಶೆಡ್ಯೂಲ್ 7ರಲ್ಲಿದೆ. ಮೇಷ್ಟ್ರೇ, ಅದ್ರಲ್ಲಿ ಗ್ರಾಮೀಣಾಭಿವೃದ್ಧಿ ಅಂತ ಸ್ಪಷ್ಟವಾಗಿ ಇದೆ, ಕಾಲುಸಂಕ ಆರಾಮಾಗಿ ಬರುತ್ತೆ. ಥೀಮು ಗೀಮು ಎಲ್ಲ ಅವ್ರ ಬೋರ್ಡು ಮಾಡ್ಕೊಂಡಿದ್ದು, ಕಾನೂನಲ್ಲಿಲ್ಲ.

ಮಳೆಯವ್ರೇ, ಮಾರ್ಚ್ ಗಡಿಬಿಡಿಗೂ ಕಾರಣ ಇಲ್ಲ. 2021ರ ಜನವರಿ ತಿದ್ದುಪಡಿ ಆದ್ಮೇಲೆ, ನಡೀತಾ ಇರೋ ಪ್ರಾಜೆಕ್ಟ್ ಆದ್ರೆ ಉಳಿದ ದುಡ್ಡನ್ನ ವರ್ಷ ಮುಗಿದ 30 ದಿನದೊಳಗೆ ಬೇರೆ ಬ್ಯಾಂಕ್ ಖಾತೆಗೆ ಹಾಕಿ ಮುಂದಿನ ಮೂರು ವರ್ಷದಲ್ಲಿ ಖರ್ಚು ಮಾಡ್ಬಹುದು. ನಿಮ್ಮ ಸ್ಟ್ರಾಟಜಿನೂ ಮೂರು ವರ್ಷದ್ದೇ ತಾನೆ. ಒಂದು ಕೆಲಸ ಹಿಡಿದು ಸರಿಯಾಗಿ ಮಾಡೋದು ಬಿಟ್ಟು ವರ್ಷ ವರ್ಷ ಕಂಪ್ಯೂಟರ್ ಹಂಚೋದು ಸೋಮಾರಿತನ, ಬೇರೇನಲ್ಲ.

ಷೇರುಪೇಟೆ_ಶೆಟ್ರು
ಟರ್ನೋವರಿನ 2% ಅಂದ್ರೆ ಸಣ್ಣ ಮಾರ್ಜಿನ್ ಇರೋ ಕಂಪನಿ ಮುಳುಗಿ ಹೋಗುತ್ತೆ ಕಣ್ರೀ

ಲೆಕ್ಕದಕ್ಕ
ಟರ್ನೋವರ್ ಅಲ್ಲ ಶೆಟ್ರೇ, ಲಾಭ. ಮೇಲೆ ಬರ್ದಿದೀನಿ, ಓದಿ ಆಮೇಲೆ ಮುಳುಗ್ಸಿ. ಅದೂ ಗ್ಲೋಬಲ್ ಕಂಪನಿ ಅಂದ್ರೆ ಪ್ರಪಂಚದ ಲಾಭ ಎಲ್ಲ ಲೆಕ್ಕಕ್ಕೆ ಬರಲ್ಲ, ಹೊರದೇಶದ ಬ್ರಾಂಚಿನ ಲಾಭ ಬಿಟ್ಟು ಲೆಕ್ಕ ಹಾಕ್ತಾರೆ.

ಫೌಂಡ್ರಿ_ಮಂಜ
ನಮ್ದು ಶಿವಮೊಗ್ಗದಲ್ಲಿ ಸಣ್ಣ ಫೌಂಡ್ರಿ, ಎರಕ ಹೊಯ್ದು ಮೆಷಿನಿಂಗ್ ಮಾಡಿ ಕೊಡ್ತೀವಿ. ಒಂದು ದೊಡ್ಡ ಕಂಪನಿ, ಹೆಸ್ರು ಬೇಡ, ಅದ್ರ ವರ್ಷದ ರಿಪೋರ್ಟು ಬಂತು ನೋಡಿ, ಗ್ಲಾಸಿ ಪೇಪರ್ರು, ಮಕ್ಕಳು ನಗ್ತಿರೋ ಫೋಟೋ, 'ನಮ್ಮ ಸಪ್ಲೈಯರ್ಸ್ ನಮ್ಮ ಕುಟುಂಬ' ಅಂತ ಒಂದು ಪುಟ. ಅದು ಬಂದ ದಿನ ನಮ್ಮ ಬಿಲ್ಲು ನಾಲ್ಕು ತಿಂಗಳಿಂದ ಅವ್ರ ಟೇಬಲ್ ಮೇಲೆ ಕೂತಿತ್ತು. ಕುಟುಂಬ ಅಂತೆ. ಕರೆಂಟ್ ಬಿಲ್ಲಿಗೆ ನಾನು ಬ್ಯಾಂಕಿಂದ ಓವರ್‌ಡ್ರಾಫ್ಟ್ ತರೋದು, ಪಿಗ್ ಐರನ್‌ಗೆ ಕ್ಯಾಶ್ ಕೊಡೋದು, ಕೆಲಸದವ್ರಿಗೆ ಶನಿವಾರ ಬಟವಾಡೆ, ಇವ್ರು ಮಾತ್ರ 120 ದಿನ ಅಂತಾರೆ. ಅಂದ್ರೆ ಅವ್ರ ಬಿಸಿನೆಸ್ಸಿಗೆ ಬಡ್ಡಿ ಇಲ್ದೆ ಸಾಲ ಕೊಡ್ತಿರೋನು ನಾನು, ಶಾಲೆಗೆ ಡೆಸ್ಕ್ ಕೊಟ್ಟು ಪೇಪರಲ್ಲಿ ಬರೋರು ಅವ್ರು.

ನಿಮ್ಮ ಸ್ಟ್ರಾಟಜಿ ಪೇಪರಲ್ಲಿ ಒಂದೇ ಒಂದು ಸಾಲು ಬರೀರಿ. ಸಣ್ಣ ಸಪ್ಲೈಯರ್ ಬಿಲ್ಲು 30 ದಿನದಲ್ಲಿ ಕ್ಲಿಯರ್. ಬೇರೆ ಎಂಥದ್ದೂ ಬೇಡ, ನಮಗೆ ದಾನ ಬೇಡ.

ಲೆಕ್ಕದಕ್ಕ
ಮಂಜಣ್ಣ, 2006ರ ಎಂಎಸ್‌ಎಂಇ (ಸಣ್ಣ ಉದ್ದಿಮೆಗಳ) ಕಾಯ್ದೆ ಪ್ರಕಾರ ಬರವಣಿಗೆಯಲ್ಲಿ ಒಪ್ಪಂದ ಇದ್ರೂ 45 ದಿನದ ಮೇಲೆ ಹೋಗೋ ಹಾಗಿಲ್ಲ, ಇಲ್ಲದಿದ್ರೆ 15 ದಿನ. ತಡ ಆದ್ರೆ ರಿಸರ್ವ್ ಬ್ಯಾಂಕಿನ ಬ್ಯಾಂಕ್ ರೇಟಿನ ಮೂರು ಪಟ್ಟು ಚಕ್ರಬಡ್ಡಿ ಕೇಳೋ ಹಕ್ಕು ನಿಮಗಿದೆ. 2023-24ರಿಂದ ಇನ್‌ಕಮ್ ಟ್ಯಾಕ್ಸಲ್ಲೂ ಬಿಗಿ ಮಾಡಿದಾರೆ, ಮೈಕ್ರೋ, ಸ್ಮಾಲ್ ಘಟಕಕ್ಕೆ ಟೈಮಿಗೆ ದುಡ್ಡು ಕೊಡ್ದಿದ್ರೆ ಆ ಖರ್ಚನ್ನ ಕೊಡೋವರೆಗೂ ಲಾಭದಲ್ಲಿ ಕಳೆಯೋಕೆ ಬಿಡಲ್ಲ. ಸಣ್ಣ ಉದ್ದಿಮೆ ಅಂತ ಉದ್ಯಮ್ ರಿಜಿಸ್ಟ್ರೇಶನ್ ಮಾಡ್ಸಿದೀರಾ?

ಫೌಂಡ್ರಿ_ಮಂಜ
ಮಾಡ್ಸಿದೀನಿ ಅಕ್ಕ. ಬಡ್ಡಿ ಕೇಳಿದ ದಿನ ಮುಂದಿನ ಆರ್ಡರ್ ಪಕ್ಕದ ಜಿಲ್ಲೆಗೆ ಹೋಗುತ್ತೆ, ಅದು ಯಾವ ಸೆಕ್ಷನಲ್ಲಿದೆ?

ಪತ್ರೊಡೆ_ಪ್ರಿಯ
😂😂 ಅಕ್ಕನಿಗೆ ಔಟ್ ಆಫ್ ಸಿಲಬಸ್ ಪ್ರಶ್ನೆ

ಷೇರುಪೇಟೆ_ಶೆಟ್ರು
ಎಲ್ರೂ ಕಂಪನಿನ ಬೈಯೋಕೆ ಶುರು ಮಾಡಿದ್ರಿ, ಇನ್ನೊಂದು ಕಡೆನೂ ಕೇಳಿ. ಅರ್ಥಶಾಸ್ತ್ರಜ್ಞ ಮಿಲ್ಟನ್ ಫ್ರೀಡ್‌ಮನ್ 1970ರಲ್ಲೇ ಹೇಳಿದ್ದು, ಕಾನೂನಿನ ಒಳಗೆ ಲಾಭ ಮಾಡೋದೇ ಕಂಪನಿಯ ಜವಾಬ್ದಾರಿ ಅಂತ. ಸಂಕ ಕಟ್ಟೋದು ಪಂಚಾಯ್ತಿ ಕೆಲಸ, ಅದಕ್ಕೆ ನಾವು ಟ್ಯಾಕ್ಸ್ ಕಟ್ತೀವಿ. ಕಂಪನಿ ಕೈಲಿ ಊರು ಉದ್ಧಾರ ಮಾಡ್ಸೋಕೆ ಹೋದ್ರೆ ಆಗೋದು ಏನು ಅಂತ ಹಾಲು, ಮೊಸರು ಮಾರೋ ಡನೋನ್ ಕಂಪನಿ ನೋಡಿ. 2020ರಲ್ಲಿ ಫ್ರಾನ್ಸಿನಲ್ಲಿ ಸಮಾಜ, ಪರಿಸರದ ಗುರಿಗಳನ್ನ ಕಂಪನಿಯ ನಿಯಮಾವಳಿಯಲ್ಲೇ ಬರ್ಸಿದ ದೊಡ್ಡ ಲಿಸ್ಟೆಡ್ ಕಂಪನಿ ಅದು, ಷೇರುದಾರರು ಒಪ್ಪಿ ವೋಟೂ ಹಾಕಿದ್ರು. 2021ರ ಮಾರ್ಚಲ್ಲಿ ಅದನ್ನ ಮಾಡ್ಸಿದ ಮುಖ್ಯಸ್ಥ ಇಮ್ಯಾನುಯೆಲ್ ಫಾಬರ್‌ನ ಮನೆಗೆ ಕಳ್ಸಿದ್ರು. ಷೇರಿನ ರೇಟು ಏರ್ಲಿಲ್ಲ, ಅಷ್ಟೇ ಕಥೆ. ಮಳೆಯವ್ರು ಇಷ್ಟೆಲ್ಲ ಬರ್ದು ಕೊಟ್ಟು ಮುಂದಿನ ವರ್ಷ ಬೇರೆ ಎಂಡಿ ಬಂದ್ರೆ ಫೈಲು ಕಸದಬುಟ್ಟಿಗೆ.

ಆಗುಂಬೆ_ಮಳೆ
ಶೆಟ್ರೇ, ಫಾಬರ್ ವಿಷಯ ಸರಿ, ಆದ್ರೆ ಆ ಗುರಿಗಳು ನಿಯಮಾವಳಿಯಲ್ಲೇ ಇದಾವೆ, ಮುಖ್ಯಸ್ಥ ಹೋದ ಅಂತ ಅವು ಹೋಗ್ಲಿಲ್ಲ. ನಾನು ಹುಡುಕ್ತಿರೋದು ಅದನ್ನೇ, ಎಂಡಿ ಬದಲಾದ್ರೂ ಉಳಿಯೋ ಹಾಗೆ ಎಲ್ಲಿ ಬರೀಬೇಕು ಅಂತ.

ಭದ್ರಾವತಿ_ಸೈರನ್
ಶೆಟ್ರು ಹೇಳಿದ್ದು ಕೇಳಿ ನಗು ಬಂತು. ನಮ್ಮ ಭದ್ರಾವತಿ ಕಬ್ಬಿಣದ ಕಾರ್ಖಾನೆ 1923ರಲ್ಲಿ ಶುರುವಾಯ್ತು, ಸರ್ ಎಂವಿ ಕಾಲ. ಕಾಗದ ಕಾರ್ಖಾನೆ 1936ರದ್ದು. ಸಿಎಸ್‌ಆರ್ ಅನ್ನೋ ಹೆಸ್ರು ಯಾರಿಗೂ ಗೊತ್ತಿರ್ಲಿಲ್ಲ, ಆದ್ರೆ ಕ್ವಾರ್ಟರ್ಸು, ಆಸ್ಪತ್ರೆ, ಶಾಲೆ, ಆಟದ ಮೈದಾನ ಎಲ್ಲ ಫ್ಯಾಕ್ಟರಿ ಪ್ಲಾನಿನ ಜೊತೆಗೇ ಬಂತು. ನಮ್ಮಜ್ಜ ಸೈರನ್ನಿಗೆ ಗಡಿಯಾರ ಸರಿ ಮಾಡ್ಕೋತಿದ್ರು. ಇಂಟಿಗ್ರೇಟ್ ಅಂದ್ರೆ ಅದು! ಊರೇ ಕಂಪನಿ, ಕಂಪನಿನೇ ಊರು.

ಕಾನುಮನೆ
ಆ ಊರಿನ ಕಥೆ ಅರ್ಧ ಹೇಳಿದ್ರಿ. ಕುಲುಮೆಗೆ ಕಲ್ಲಿದ್ದಲು ಇರ್ಲಿಲ್ಲ, ಇದ್ದಿಲು ಹಾಕಿ ಕಬ್ಬಿಣ ಕಾಯಿಸಿದ್ದು. ಆ ಇದ್ದಿಲು ಎಲ್ಲಿಂದ ಬಂತು? ನಮ್ಮ ಕಾಡಿಂದ. ಆಮೇಲೆ ಕಾಗದಕ್ಕೆ ಅಂತ ನೀಲಗಿರಿ, ಅಕೇಶಿಯಾ ಹಾಕಿದ್ರು, ಅದ್ರ ವಿರುದ್ಧ ಮಲ್ನಾಡಲ್ಲಿ ಇವತ್ತಿಗೂ ಹೋರಾಟ ನಡೀತಿದೆ. ಟೌನ್‌ಶಿಪ್ ಒಳಗೆ ಇದ್ದೋರಿಗೆ ಆಸ್ಪತ್ರೆ, ಕಾಡಿನ ಅಂಚಲ್ಲಿ ಸೊಪ್ಪು ತರ್ತಿದ್ದೋರಿಗೆ ಎಂಥದ್ದು? ಕುದುರೆಮುಖನೂ ಹಾಗೇ. 1976ರಲ್ಲಿ ಕಬ್ಬಿಣದ ಅದಿರು ತೆಗೆಯೋ ಕಂಪನಿ ಶುರುವಾಯ್ತು, ಚಂದದ ಟೌನ್‌ಶಿಪ್ಪು, ಶಾಲೆ. ಭದ್ರೆಗೆ ಗಣಿ ಮಣ್ಣು ಬರೋದಂತೂ ನಿಲ್ಲಲಿಲ್ಲ. 2002ರಲ್ಲಿ ಸುಪ್ರೀಂ ಕೋರ್ಟು ಹೇಳಿ 2005ರ ಕೊನೆಗೆ ಗಣಿಗಾರಿಕೆ ಬಂದ್. ಟೌನ್‌ಶಿಪ್ಪು ಎಷ್ಟು ಚಂದ ಇತ್ತು ಅಂತ ಕೋರ್ಟು ಕೇಳ್ಲಿಲ್ಲ.

ಭದ್ರಾವತಿ_ಸೈರನ್
ಕಾಡಿನ ವಿಷಯ ಒಪ್ತೀನಿ, ಆದ್ರೆ ಈಗ ಕಾರ್ಖಾನೆಗಳ ಕೆಲಸ ಕಮ್ಮಿ ಆದ್ಮೇಲೆ ಊರು ಹೇಗಿದೆ ಬಂದು ನೋಡಿ. ಕಾಗದ ಕಾರ್ಖಾನೆ ನಿಂತು ಎಷ್ಟು ವರ್ಷ ಆಯ್ತು. ಹುಡುಗರೆಲ್ಲ ಬೆಂಗಳೂರು ಬಸ್ಸು ಹತ್ತಿದ್ರು. ಕಾಡು ಉಳಿಸಿ ಅಂತ ಹೇಳೋದು ಸುಲಭ, ಹೊಟ್ಟೆಗೆ?

ಕಾನುಮನೆ
ನಾನೇನು ಮುಚ್ಚಿ ಅಂದ್ನಾ? ಪ್ಲಾನ್ ಮಾಡೋವಾಗ್ಲೇ ಕಾಡಿನವ್ರನ್ನ, ಹೊಳೆಯವ್ರನ್ನ ಲೆಕ್ಕಕ್ಕೆ ತಗೊಳ್ಳಿ ಅಂದಿದ್ದು.

ಬಸ್_ಸ್ಟ್ಯಾಂಡ್_ಭಟ್ರು
ಬೆಂಗಳೂರು ಬಸ್ಸು ಅಂದ್ರಲ್ಲ, ಸೋಗಾನೆಯಲ್ಲಿ ಏರ್‌ಪೋರ್ಟ್ ಆದ್ಮೇಲೂ ಹಬ್ಬದ ಟೈಮಲ್ಲಿ ಬಸ್ಸೇ ಗತಿ, ಟಿಕೆಟ್ ರೇಟ್ ಕೇಳಿದ್ರೆ ನಡ್ಕೊಂಡೇ ಹೋಗೋಣ ಅನ್ಸುತ್ತೆ. ಅಂದ ಹಾಗೆ ಇವತ್ತು ರಾಶಿ ಅಡಿಕೆ ರೇಟು ಏನಾಯ್ತು ಯಾರಿಗಾದ್ರೂ ಗೊತ್ತಾ, ಅಡಿಕೆ ಸೊಸೈಟಿ ಮ್ಯಾಮ್ಕೋಸ್‌ಗೆ ಫೋನ್ ಹೋಗ್ತಿಲ್ಲ

ಅಡ್ಮಿನ್_ತುಂಗಾ
ಅಡಿಕೆ ರೇಟಿಗೆ ಬೇರೆ ಥ್ರೆಡ್ ಇದೆ ಭಟ್ರೇ. ದಿನಾ ಹೇಳ್ಬೇಕಾ.

ಕೊಪ್ಪದ_ರೋಬಸ್ಟಾ
ಕಾಫಿ ವಿಷಯಕ್ಕೆ ಬರೋಣ, ಮಳೆಯವ್ರ ಕಂಪನಿ ಕೊಳ್ಳೋದು ನಮ್ಮಂಥವ್ರ ಹತ್ರಾನೇ ಇರ್ಬೇಕು, ನೇರ ಅಲ್ಲ, ಮಧ್ಯೆ ಕಾಫಿ ಕ್ಯೂರಿಂಗ್‌ನವ್ರು, ಎಕ್ಸ್‌ಪೋರ್ಟರು ಇರ್ತಾರೆ. ಯುರೋಪಿನವ್ರ ಅರಣ್ಯನಾಶ ಕಾನೂನು ಗೊತ್ತಲ್ಲ, 2023ರಲ್ಲಿ ಮಾಡಿದ್ದು. ಕಾಫಿ, ಕೋಕೋ, ರಬ್ಬರ್, ಸೋಯಾ, ತಾಳೆಣ್ಣೆ, ಮರ, ದನ, ಇಷ್ಟು ಸಾಮಾನು. 2020ರ ಡಿಸೆಂಬರ್ 31ರ ನಂತರ ಕಾಡು ಕಡಿದ ಜಾಗದಲ್ಲಿ ಬೆಳೆದಿದ್ದು ಯುರೋಪಿಗೆ ಹೋಗೋ ಹಾಗಿಲ್ಲ. ಪ್ರತಿ ತೋಟದ ಜಿಪಿಎಸ್ ಕೊಡ್ಬೇಕು, 4 ಹೆಕ್ಟೇರ್ ಮೇಲಿದ್ರೆ ಸುತ್ತಳತೆ ಪೂರ್ತಿ, ಕಮ್ಮಿ ಇದ್ರೆ ಒಂದು ಪಾಯಿಂಟ್ ಸಾಕು. ಜಾರಿ ದಿನ ಒಂದಲ್ಲ ಎರಡು ಸಲ ಮುಂದಕ್ಕೆ ಹಾಕಿದಾರೆ, ಅದ್ರಿಂದ ಇಲ್ಲಿ ಅರ್ಧ ಜನ ಬರೋದೇ ಇಲ್ಲ ಬಿಡಿ ಅಂತ ಕೂತಿದಾರೆ.

ನನ್ನ ತಕರಾರು ಜಿಪಿಎಸ್ ಬಗ್ಗೆ ಅಲ್ಲ. ಆ ಕಾನೂನಲ್ಲಿ ಇನ್ನೊಂದು ಮಾತಿದೆ, ಬೆಳೆ ಆಯಾ ದೇಶದ ಕಾನೂನಿನ ಪ್ರಕಾರ ಬೆಳೆದಿರ್ಬೇಕು ಅಂತ. ನಮ್ಮಲ್ಲಿ ಅಜ್ಜನ ಕಾಲದಿಂದ ಸಾಗುವಳಿ ಮಾಡಿರೋ ಜಾಗ, ಬಗರ್‌ಹುಕುಂ ಅರ್ಜಿ ತಾಲೂಕು ಕಚೇರೀಲಿ ಕೊಳೀತಾ ಇರುತ್ತೆ, ಪಹಣಿಯಲ್ಲಿ ಒಂದು, ಸ್ಕೆಚ್ಚಲ್ಲಿ ಇನ್ನೊಂದು. ದೊಡ್ಡ ಎಸ್ಟೇಟಿನವ್ರಿಗೆ ಮ್ಯಾನೇಜರ್ ಇದಾನೆ, ವಕೀಲ ಇದಾನೆ. ಎರಡೆಕರೆಯವ್ನು ಏನು ಮಾಡ್ಬೇಕು? ಅವನ ಕಾಗದ ಸರಿ ಇಲ್ಲ ಅಂತ ಕಂಪನಿ ಸುಮ್ನೆ ಅವನನ್ನ ಬಿಟ್ಟು ದೊಡ್ಡವ್ರ ಹತ್ರ ಮಾತ್ರ ಕೊಳ್ಳುತ್ತೆ. ರಿಪೋರ್ಟಲ್ಲಿ 'ನೂರಕ್ಕೆ ನೂರು ಅರಣ್ಯಸ್ನೇಹಿ ಕಾಫಿ' ಅಂತ ಬರುತ್ತೆ, ಸಣ್ಣೋನು ಲೋಕಲ್ ಟ್ರೇಡರ್‌ಗೆ ಅವ್ನು ಹೇಳಿದ ರೇಟಿಗೆ ಕೊಟ್ಟು ಬರ್ತಾನೆ. ಮರದ ನೆರಳಲ್ಲಿ ಕಾಫಿ ಬೆಳೆದು ಕಾಡು ಉಳ್ಸಿದೋನು ಅವ್ನೇ!

ಆಗುಂಬೆ_ಮಳೆ
ಇದು ನನಗೆ ಹೊಳ್ದೇ ಇರ್ಲಿಲ್ಲ, ಥ್ಯಾಂಕ್ಸ್. ಒಂದು ಪ್ರಶ್ನೆ, ಕಂಪನಿ ಖರ್ಚಲ್ಲಿ ಸಣ್ಣ ಬೆಳೆಗಾರರ ತೋಟದ ಮ್ಯಾಪಿಂಗ್ ಮಾಡಿಸಿ, ದಾಖಲೆ ಸರಿ ಮಾಡ್ಕೊಳ್ಳೋಕೆ ಸಹಾಯ ಮಾಡಿದ್ರೆ ಅದನ್ನ 2%ನಲ್ಲಿ ತೋರಿಸ್ಬಹುದಾ ಲೆಕ್ಕದಕ್ಕ?

ಲೆಕ್ಕದಕ್ಕ
ಇಲ್ಲೇ ಇರೋದು ಗಂಟು, ಎಲ್ರೂ ಒಂಚೂರು ಗಮನ ಕೊಟ್ಟು ಓದಿ. ಸಿಎಸ್‌ಆರ್ ನಿಯಮದಲ್ಲಿ ಏನಿದೆ ಅಂದ್ರೆ, ಕಂಪನಿಯ ಮಾಮೂಲಿ ವ್ಯವಹಾರದ ಭಾಗವಾಗಿ ಮಾಡಿದ ಕೆಲಸ ಸಿಎಸ್‌ಆರ್ ಅಲ್ಲ. ಬರೀ ಕಂಪನಿ ನೌಕರರಿಗೆ ಅನುಕೂಲ ಆಗೋದೂ ಅಲ್ಲ. ನೀವು ಯಾರ ಹತ್ರ ಕಾಫಿ ಕೊಳ್ತೀರೋ ಅವರದ್ದೇ ತೋಟ ಅಳತೆ ಮಾಡ್ಸಿದ್ರೆ ಅದು ನಿಮ್ಮ ವ್ಯಾಪಾರಕ್ಕೆ ಮಾಡ್ಕೊಂಡಿದ್ದು, ಆಡಿಟರ್ ಆಗಿ ನಾನು ಅದನ್ನ 2%ನಲ್ಲಿ ಹಾಕೋಕೆ ಬಿಡಲ್ಲ. ಮಂಜಣ್ಣನ ಬಿಲ್ಲು ಬೇಗ ಕೊಡೋದೂ ಅಷ್ಟೇ, ಅದು ಖರ್ಚೇ ಅಲ್ಲ.

ಹಾಗಾಗಿ ಹೆಡ್ ಆಫೀಸಿನವ್ರು 'ಸಿಎಸ್‌ಆರ್‌ನ ಸ್ಟ್ರಾಟಜಿಗೆ ಸೇರ್ಸಿ' ಅಂತ ಹೇಳಿದಾಗ ಅವ್ರ ತಲೆಯಲ್ಲಿರೋ ಸಿಎಸ್‌ಆರೇ ಬೇರೆ, ನಮ್ಮ ಕಾನೂನಿನ ಸಿಎಸ್‌ಆರೇ ಬೇರೆ. ಅವ್ರು ಕೇಳ್ತಿರೋದು ನೀವು ವ್ಯಾಪಾರ ಹೇಗೆ ಮಾಡ್ತೀರಿ ಅಂತ. ನಮ್ಮ ಕಾನೂನು ಕೇಳೋದು ವ್ಯಾಪಾರದ ಹೊರಗೆ ಏನು ಮಾಡಿದ್ರಿ ಅಂತ. ಸ್ಟ್ರಾಟಜಿ ಒಳಗೆ ನಿಜವಾಗ್ಲೂ ಸೇರಿದ ಕೆಲಸ ಯಾವ್ದೋ ಅದು 2%ನಲ್ಲಿ ಬರೋದೇ ಇಲ್ಲ, ಅದಕ್ಕೆ ಪರ್ಚೇಸ್ ಬಜೆಟ್ಟಿಂದ, ಲಾಭದಿಂದ ದುಡ್ಡು ತೆಗೀಬೇಕು. ತುಂಬಾ ಕಂಪನಿಗಳು ಇಲ್ಲೇ ಜಾರ್ಕೊಳ್ಳೋದು. 2% ಹೇಗೂ ಕೊಡ್ಲೇಬೇಕಲ್ಲ, ಅದ್ರಲ್ಲೇ ಎಲ್ಲ ಮುಗಿಸೋಣ ಅಂತ.

ಷೇರುಪೇಟೆ_ಶೆಟ್ರು
ಅಂದ್ರೆ 2% ಕೊಟ್ಟು ಮೇಲಿಂದ ಇನ್ನೂ ಕೊಡ್ಬೇಕಾ? ಯಾವ ಫೈನಾನ್ಸ್ ಹೆಡ್ ಒಪ್ತಾನೆ

ಕೊಪ್ಪದ_ರೋಬಸ್ಟಾ
ಶೆಟ್ರೇ ಕೊಡೋದು ಅಂತ ಯಾಕೆ ಅಂತೀರಿ. ಬೆಳೆಗಾರ ಬಿಟ್ಟು ಹೋದ್ರೆ ಕಾಫಿ ಎಲ್ಲಿಂದ ತರ್ತಾರೆ? ಪಂಜಾಬಿನ ಮೋಗಾದಲ್ಲಿ ನೆಸ್ಲೆ 1961ರಲ್ಲಿ ಹಾಲಿನ ಫ್ಯಾಕ್ಟರಿ ಹಾಕ್ದಾಗ ಅಲ್ಲಿ ಸರಿಯಾಗಿ ಹಾಲೇ ಸಿಕ್ತಿರ್ಲಿಲ್ಲ. ಊರೂರಲ್ಲಿ ಹಾಲು ತಂಪು ಮಾಡೋ ಕೇಂದ್ರ, ದನದ ಡಾಕ್ಟ್ರು, ಟ್ರೈನಿಂಗು ಎಲ್ಲ ಮಾಡಿದ್ಮೇಲೆ ಹಾಲು ಬಂತು. ಧರ್ಮಕ್ಕೆ ಮಾಡಿದ್ದಲ್ಲ ಅದು, ಹಾಲು ಬೇಕಿತ್ತು ಮಾಡಿದ್ರು. ಪೋರ್ಟರ್ ಮತ್ತೆ ಕ್ರೇಮರ್ ಅಂತ ಇಬ್ರು ಪ್ರೊಫೆಸರ್‌ಗಳು ಇದನ್ನ ಶೇರ್ಡ್ ವ್ಯಾಲ್ಯೂ (ಕಂಪನಿಗೂ ಊರಿಗೂ ಲಾಭ) ಅಂತ ಹೆಸರಿಟ್ಟು 2011ರಲ್ಲಿ ಭಾರೀ ಪ್ರಸಿದ್ಧಿ ಮಾಡಿದ್ರು.

ಕಾನುಮನೆ
ಕಂಪನಿಗೆ ಲಾಭ ಇರೋ ಕಡೆ ಎಲ್ಲ ಚಂದ. ಲಾಭ ಇಲ್ಲದ ಕಡೆ? ಹೊಳೆಗೆ ನೀರು ಶುದ್ಧ ಮಾಡಿ ಬಿಡೋದ್ರಲ್ಲಿ ಕಂಪನಿಗೆ ಯಾವ ಶೇರ್ಡ್ ವ್ಯಾಲ್ಯೂ ಇದೆ, ಬರೀ ಖರ್ಚು. ಆವಾಗ ಕಾನೂನೇ ಬೇಕು, ಪ್ರೊಫೆಸರ್ ಸಾಲಲ್ಲ.

ಹೊಲಿಗೆ_ಲೈನ್
ನಾನು ಬೆಂಗಳೂರು ಕಡೆ ಒಂದು ಗಾರ್ಮೆಂಟ್ಸಲ್ಲಿ ಇದ್ದೆ, ಈಗ ಶಿಕಾರಿಪುರದಲ್ಲಿ ಮನೇಲೇ ಹೊಲೀತೀನಿ. ಫಾರಿನ್ ಬ್ರ್ಯಾಂಡಿನವ್ರ ಆಡಿಟ್ ಇದೆ ಅಂದ್ರೆ ನಮಗೆ ಮೊದ್ಲೇ ಗೊತ್ತಾಗ್ತಿತ್ತು ಯಾಕಂದ್ರೆ ಟಾಯ್ಲೆಟ್ಟಿಗೆ ಸೋಪು ಬರ್ತಿತ್ತು. ಫೈರ್ ಡೋರ್ ಮುಂದಿನ ಬಟ್ಟೆ ಬಂಡಲ್ ಎಲ್ಲ ಎತ್ತಿಸ್ತಿದ್ರು. ಏನು ಕೇಳಿದ್ರೆ ಏನು ಹೇಳ್ಬೇಕು ಅಂತ ಲೈನ್ ಸೂಪರ್‌ವೈಸರ್ ಹೇಳ್ಕೊಡ್ತಿದ್ರು. ಆಡಿಟ್ ಆದ ವಾರ ಅದೇ ಬ್ರ್ಯಾಂಡಿನವ್ರು ಕಲರ್ ಚೇಂಜ್ ಅಂತಿದ್ರು, ಶಿಪ್‌ಮೆಂಟ್ ಡೇಟ್ ಮಾತ್ರ ಚೇಂಜ್ ಇಲ್ಲ. ಆಮೇಲೆ ರಾತ್ರಿ ತನಕ ಓಟಿ (ಓವರ್‌ಟೈಮ್), ಕೆಲವು ಸಲ ಓಟಿಗೆ ದುಡ್ಡು ಇಲ್ಲ, ಕಾಂಪ್ ಆಫ್ (ಬದಲಿ ರಜೆ) ಅಂತ ಬರ್ಕೋತಿದ್ರು, ಅದೂ ಸಿಗ್ತಿರ್ಲಿಲ್ಲ.

ಓಟಿ ಮಾಡಿಸ್ಬೇಡಿ ಅಂತ ಚೆಕ್ ಮಾಡೋಕೆ ಬರೋನೂ ಅದೇ ಕಂಪನಿ, ಓಟಿ ಬರೋ ಹಾಗೆ ಆರ್ಡರ್ ಕೊಡೋನೂ ಅದೇ ಕಂಪನಿ. ಅವ್ರಿಬ್ರು ಒಂದೇ ಆಫೀಸಲ್ಲಿ ಕೂತು ಮಾತಾಡಲ್ವಾ ಅಂತ ನಾವು ಊಟದ ಟೈಮಲ್ಲಿ ಕೇಳ್ಕೋತಿದ್ವಿ.

ಆಗುಂಬೆ_ಮಳೆ
ಅಕ್ಕ, ಇದನ್ನ ಹೆಸರಿಲ್ದೆ ನಮ್ಮ ನೋಟಲ್ಲಿ ಹಾಕ್ಬಹುದಾ? ಕೊನೇ ಪ್ಯಾರಾ.

ಹೊಲಿಗೆ_ಲೈನ್
ಹಾಕಿ. ಇಂಗ್ಲಿಷಲ್ಲಿ ಬರ್ಯೋವಾಗ ನೈಸ್ ಮಾಡ್ಬೇಡಿ ಅಷ್ಟೆ.

ಲೆಕ್ಕದಕ್ಕ
ಇವ್ರು ಹೇಳಿದ್ದು ಬರೀ ಒಂದು ಫ್ಯಾಕ್ಟರಿ ಕಥೆ ಅಲ್ಲ. 2013ರ ಏಪ್ರಿಲ್ 24, ಢಾಕಾ ಹತ್ರ ಗಾರ್ಮೆಂಟ್ಸ್ ಇದ್ದ ರಾಣಾ ಪ್ಲಾಜಾ ಕಟ್ಟಡ ಬಿದ್ದು 1100ಕ್ಕಿಂತ ಜಾಸ್ತಿ ಜನ ಸತ್ರು. ಅಲ್ಲಿದ್ದ ಫ್ಯಾಕ್ಟರಿಗಳಿಗೂ ಆಡಿಟ್ ಆಗಿತ್ತು. ಗೋಡೆ ಬಿರುಕು ಬಿಟ್ಟಿದ್ದನ್ನ ಹಿಂದಿನ ದಿನವೇ ನೋಡಿದ್ರು, ಆದ್ರೂ ಕೆಲಸಕ್ಕೆ ಕರೆಸಿದ್ರು. ಆ ಮೇಲೆ ಬ್ರ್ಯಾಂಡುಗಳು, ಕಾರ್ಮಿಕ ಸಂಘಗಳು ಸೇರಿ ಕಟ್ಟಡ ಸುರಕ್ಷತೆಗೆ ಒಪ್ಪಂದ ಮಾಡ್ಕೊಂಡ್ರು, ಅದು ಕಾನೂನಿನ ಪ್ರಕಾರ ಕಟ್ಟುಬೀಳೋ ಒಪ್ಪಂದ, ಸ್ವಇಚ್ಛೆಯ ಪ್ರತಿಜ್ಞೆ ಅಲ್ಲ. ಅದಕ್ಕೇ ಅದು ಕೆಲಸ ಮಾಡ್ತು ಅಂತ ನನ್ನ ಅಭಿಪ್ರಾಯ.

ಇನ್ನೊಂದು, ರಿಪೋರ್ಟು ನೋಡಿ ಮರುಳಾಗ್ಬೇಡಿ. 2015ರ ಸೆಪ್ಟೆಂಬರಲ್ಲಿ ಕಂಪನಿಗಳು ಎಷ್ಟು ಜವಾಬ್ದಾರಿಯಿಂದ ನಡೀತಾವೆ ಅಂತ ಅಳೆಯೋ ಡೌ ಜೋನ್ಸ್ ಸಸ್ಟೇನಬಿಲಿಟಿ ಇಂಡೆಕ್ಸಿನವ್ರು ಕಾರು ಕಂಪನಿಗಳಲ್ಲೆಲ್ಲ ಫೋಕ್ಸ್‌ವ್ಯಾಗನ್ ಮೊದಲು ಅಂತ ಹೇಳಿದ್ರು. ಅದೇ ತಿಂಗಳು ಡೀಸೆಲ್ ಹೊಗೆ ಟೆಸ್ಟಲ್ಲಿ ಮೋಸ ಮಾಡೋ ಸಾಫ್ಟ್‌ವೇರ್ ಹಾಕಿದ್ದು ಅಮೆರಿಕದಲ್ಲಿ ಹೊರಗೆ ಬಿತ್ತು. ಸಿಎಸ್‌ಆರ್ ಡಿಪಾರ್ಟ್‌ಮೆಂಟಿಗೆ ಎಂಜಿನ್ ಡಿಪಾರ್ಟ್‌ಮೆಂಟಲ್ಲಿ ಏನು ನಡೀತಿದೆ ಅಂತ ಗೊತ್ತೇ ಇರಲ್ಲ, ಎಲೆ ತುದಿಯ ಉಪ್ಪಿನಕಾಯಿ ಹಾಗೆ ಒಂದು ಮೂಲೇಲಿ ಕೂತಿರುತ್ತೆ.

ಪತ್ರೊಡೆ_ಪ್ರಿಯ
ಉಪ್ಪಿನಕಾಯಿಗೆ ಅವಮಾನ ಮಾಡ್ಬೇಡಿ ಅಕ್ಕ. ಅಪ್ಪೆಮಿಡಿ ಇಲ್ದೆ ನನಗೆ ಊಟ ಇಲ್ಲ.

ಬಸ್_ಸ್ಟ್ಯಾಂಡ್_ಭಟ್ರು
ಈ ಸಲ ಅಪ್ಪೆಮಿಡಿನೇ ಇಲ್ಲ ಮಾರಾಯ, ಹೂವೆಲ್ಲ ಮಳೆಗೆ ಉದುರ್ತು

ಅಡ್ಮಿನ್_ತುಂಗಾ
ಭಟ್ರೇ…

ಫೌಂಡ್ರಿ_ಮಂಜ
ಮಳೆಯವ್ರೇ ಜರ್ಮನಿಯಲ್ಲೇ ಒಂದು ಕಾನೂನು ಇದೆಯಂತಲ್ಲ, ನಮಗೆ ಒಂದು ಫಾರ್ಮ್ ಬಂದಿತ್ತು, ಬಾಲಕಾರ್ಮಿಕರು ಇದಾರಾ, ಇಎಸ್‌ಐ ಇ‌ಪಿಎಫ್ ಕಟ್ತೀರಾ, ಮರಳು ಎಲ್ಲಿ ಹಾಕ್ತೀರಾ ಅಂತ ಪುಟಗಟ್ಟಲೆ. ಎಲ್ಲ ತುಂಬಿ ಕಳ್ಸಿದೆ. ಅದ್ರಲ್ಲಿ ನಮ್ಮ ದುಡ್ಡು ಟೈಮಿಗೆ ಬರ್ತಿದೆಯಾ ಅಂತ ಕಾಲಮ್ಮೇ ಇಲ್ಲ.

ಆಗುಂಬೆ_ಮಳೆ
ಹೌದು ಅಣ್ಣ, ಅವರ ಸಪ್ಲೈ ಚೈನ್ ಕಾನೂನು. 2023ರ ಜನವರಿಯಿಂದ 3000 ನೌಕರರಿಗಿಂತ ದೊಡ್ಡ ಕಂಪನಿಗಳಿಗೆ, 2024ರಿಂದ 1000ಕ್ಕೆ ಇಳಿಸಿದ್ರು. ಸಪ್ಲೈಯರ್‌ಗಳ ಕಡೆ ಏನಾಗ್ತಿದೆ ಅಂತ ಕಂಪನಿ ಪರೀಕ್ಷೆ ಮಾಡ್ಬೇಕು, ದೂರು ಕೊಡೋಕೆ ಒಂದು ವ್ಯವಸ್ಥೆ ಇಡ್ಬೇಕು. ನಮ್ಮಲ್ಲೂ ಒಂದು ಹಾಟ್‌ಲೈನ್ ಇದೆ.

ಹೊಸನಗರದ_ಮೇಷ್ಟ್ರು
ಆ ಹಾಟ್‌ಲೈನಲ್ಲಿ ಕನ್ನಡ ಮಾತಾಡ್ತಾರಾ?

ಆಗುಂಬೆ_ಮಳೆ
…ಇಂಗ್ಲಿಷ್, ಹಿಂದಿ, ಜರ್ಮನ್.

ಹೊಸನಗರದ_ಮೇಷ್ಟ್ರು
ತೋಟದ ಕೆಲಸದವ್ರು ಜರ್ಮನ್ ಕಲಿಯೋವರೆಗೂ ದೂರೇ ಬರಲ್ಲ, ರಿಪೋರ್ಟಲ್ಲಿ 'ದೂರುಗಳು: ಸೊನ್ನೆ' ಅಂತ ಹಾಕ್ಕೊಳ್ಳಿ.

ಕೊಪ್ಪದ_ರೋಬಸ್ಟಾ
ಮೇಷ್ಟ್ರು ಸರಿಯಾಗಿ ಕೊಟ್ರು. ನಮ್ಮ ಕಡೆ ಕಾಫಿ ಕೊಯ್ಲಿಗೆ ಅಸ್ಸಾಂ ಕಡೆಯಿಂದ ಬರೋ ಜನಾನೇ ಜಾಸ್ತಿ ಈಗ, ಅವ್ರಿಗೆ ಕನ್ನಡನೂ ಬರಲ್ಲ. ಅವ್ರ ಭಾಷೇನೂ ಸೇರ್ಸಿ.

ಷೇರುಪೇಟೆ_ಶೆಟ್ರು
ನಾನು ಒಂದು ಪ್ರಾಕ್ಟಿಕಲ್ ಪ್ರಶ್ನೆ ಕೇಳ್ತೀನಿ, ಉತ್ತರ ಕೊಡಿ. ಪರ್ಚೇಸ್ ಮ್ಯಾನೇಜರ್‌ಗೆ ಬೋನಸ್ ಯಾವುದ್ರ ಮೇಲೆ? ವರ್ಷಕ್ಕೆ ಎಷ್ಟು ಪರ್ಸೆಂಟ್ ರೇಟ್ ಇಳ್ಸಿದ, ಎಷ್ಟು ದಿನ ಪೇಮೆಂಟ್ ತಡ ಮಾಡ್ದ ಅನ್ನೋದ್ರ ಮೇಲೆ. ನನ್ನ ಭಾವ ಒಂದು ಕಡೆ ಪರ್ಚೇಸಲ್ಲೇ ಇದಾನೆ, ಹಾಗೇ ನಡೆಯೋದು. ನೀವು ನೂರು ಪುಟ ಪಾಲಿಸಿ ಬರೀರಿ, ಅವ್ನು ಬೋನಸ್ ಶೀಟ್ ನೋಡ್ಕೊಂಡು ಕೆಲಸ ಮಾಡ್ತಾನೆ. ಅದನ್ನ ಬದಲಾಯಿಸೋಕೆ ನಿಮ್ಮ ಎಂಡಿಗೆ ಧೈರ್ಯ ಇದೆಯಾ? ಇಲ್ಲಾಂದ್ರೆ ಸ್ಮಾರ್ಟ್ ಬೋರ್ಡೇ ಹಂಚ್ತಾ ಇರಿ, ಅದೇ ಪ್ರಾಮಾಣಿಕ.

ಫೌಂಡ್ರಿ_ಮಂಜ
ಶೆಟ್ರೇ ಇಷ್ಟೊತ್ತು ಎಲ್ಲಿದ್ರಿ, ಮೊದ್ಲ ಸಲ ನಿಮ್ಮ ಮಾತಿಗೆ ಲೈಕ್ ಒತ್ತಿದೆ

ಷೇರುಪೇಟೆ_ಶೆಟ್ರು
ನಾನು ಲಾಭದ ಪರ ಅಂದೆ, ದಡ್ಡತನದ ಪರ ಅನ್ನಲಿಲ್ಲ

ಆಗುಂಬೆ_ಮಳೆ
ಸರಿ, ಇಷ್ಟರಲ್ಲಿ ನಾನು ಬರ್ಯೋಕೆ ಹೊರಟಿರೋದು ಹೀಗಿದೆ. 2% ದುಡ್ಡನ್ನ ಸ್ಟ್ರಾಟಜಿ ಅಂತ ಕರೆಯೋದೇ ಬೇಡ, ಅದಕ್ಕೆ ನಾವು ಕೊಳ್ಳೋ ಪ್ರದೇಶದಲ್ಲೇ ಮೂರು ವರ್ಷದ ಒಂದೆರಡು ಕೆಲಸ ಹಿಡಿಯೋದು, ಏನು ಕೆಲಸ ಅನ್ನೋದನ್ನ ಪಂಚಾಯ್ತಿ ಹತ್ರ, ಶಾಲೆ ಹತ್ರ ಕೇಳಿ ಮಾಡೋದು. ಇನ್ನು ಸ್ಟ್ರಾಟಜಿ ಅಂತ ಬರೋದು ಪೂರ್ತಿ ಪರ್ಚೇಸ್ ವಿಭಾಗದಲ್ಲಿ. ಸಣ್ಣ ಸಪ್ಲೈಯರ್ ಬಿಲ್ಲು ಎಷ್ಟು ದಿನಕ್ಕೆ ಕ್ಲಿಯರ್ ಆಯ್ತು, ಆರ್ಡರ್ ಕೊಟ್ಟ ಮೇಲೆ ಎಷ್ಟು ಸಲ ಬದಲಾಯ್ಸಿದ್ರು, ಎರಡು ಹೆಕ್ಟೇರ್ ಒಳಗಿನ ಬೆಳೆಗಾರರು ಪಟ್ಟಿಯಿಂದ ಎಷ್ಟು ಜನ ಬಿಟ್ಟು ಹೋದ್ರು, ಇದನ್ನ ಅಳೆದು ಪರ್ಚೇಸ್ ಹೆಡ್ಡಿನ ಬೋನಸ್ಸಲ್ಲಿ ಸೇರ್ಸೋದು. ಮ್ಯಾಪಿಂಗ್ ಖರ್ಚು ಕಂಪನಿದು, ಬೆಳೆಗಾರನ ಮೇಲೆ ಹಾಕೋ ಹಾಗಿಲ್ಲ. ಹಾಟ್‌ಲೈನ್ ಕನ್ನಡ, ಅಸ್ಸಾಮಿ.

ಕಾನುಮನೆ
ಹೊಳೆ?

ಆಗುಂಬೆ_ಮಳೆ
ಕಾಫಿ ಪಲ್ಪಿಂಗ್ (ಹಣ್ಣಿನ ಸಿಪ್ಪೆ ತೆಗೆಯೋ) ನೀರು ಹಳ್ಳಕ್ಕೆ ಬಿಡೋರ ಹತ್ರ ಕೊಳ್ಳೋದಿಲ್ಲ ಅಂತ ಹಾಕೋಣ ಅಂತಿದ್ದೆ.

ಕೊಪ್ಪದ_ರೋಬಸ್ಟಾ
ತಡೀರಿ ತಡೀರಿ. ಕೊಳ್ಳಲ್ಲ ಅನ್ನೋದು ಸುಲಭ. ನೀರು ಶುದ್ಧ ಮಾಡೋ ಗುಂಡಿಗೆ ಸಣ್ಣೋನ ಹತ್ರ ದುಡ್ಡು ಎಲ್ಲಿದೆ? ಎರಡು ಸುಗ್ಗಿ ಟೈಮ್ ಕೊಡಿ, ಒಂದಷ್ಟು ಮುಂಗಡ ಕೊಡಿ, ಮುಂದಿನ ಮಾಲಲ್ಲಿ ಮುರ್ಕೊಳ್ಳಿ. ಆಮೇಲೂ ಮಾಡ್ದಿದ್ರೆ ಬಿಡಿ.

ಕಾನುಮನೆ
ಎರಡು ಸುಗ್ಗಿ ಜಾಸ್ತಿ ಆಯ್ತು. ಒಂದು.

ಕೊಪ್ಪದ_ರೋಬಸ್ಟಾ
ನೀವು ಬಂದು ಗುಂಡಿ ತೋಡಿ ಹಾಗಾದ್ರೆ 😄

ಲೆಕ್ಕದಕ್ಕ
ಮೇಷ್ಟ್ರೇ, ಸಂಕಕ್ಕೆ ಅಂತ ನೀವು ಯಾವ ಟ್ರಸ್ಟೂ ಮಾಡೋದು ಬೇಡ. ಎನ್‌ಜಿಒ ಮೂಲಕ ಮಾಡಿಸೋದಾದ್ರೆ ಅವ್ರು ಸಿಎಸ್‌ಆರ್-1 ಫಾರ್ಮ್ ತುಂಬಿ ರಿಜಿಸ್ಟರ್ ಆಗಿರ್ಬೇಕು, ಆದ್ರೆ ಕಂಪನಿ ತಾನೇ ನೇರವಾಗಿ ಕಟ್ಟಿಸ್ಬಹುದು. ಪಂಚಾಯ್ತಿ ಠರಾವು, ಒಂದು ಎಸ್ಟಿಮೇಟ್ ರೆಡಿ ಇಟ್ಕೊಳ್ಳಿ. ಮಳೆಗಾಲ ಮುಗಿದ ಕೂಡ್ಲೇ ಶುರು ಆದ್ರೆ ಮೇ ಒಳಗೆ ಮುಗಿಯುತ್ತೆ.

ಹೊಸನಗರದ_ಮೇಷ್ಟ್ರು
ಠರಾವು ಆಗಿ ಎರಡು ಪಿಡಿಒ ಬದಲಾದ್ರು ಅಕ್ಕ. ಕಾಪಿ ಇದೆ, ಕಳಿಸ್ತೀನಿ. ಸಂಕದ ಮೇಲೆ ಕಂಪನಿ ಹೆಸರು ಬೇಕಾದಷ್ಟು ದೊಡ್ಡದಾಗಿ ಬರ್ಸಿಕೊಳ್ಳಲಿ, ನಂದೇನೂ ತಕರಾರಿಲ್ಲ.

ಷೇರುಪೇಟೆ_ಶೆಟ್ರು
ಮಳೆಯವ್ರೇ ಆ ಬೋನಸ್ ವಿಷಯ ಎಷ್ಟನೇ ಪುಟದಲ್ಲಿ ಹಾಕಿದೀರಿ?

ಆಗುಂಬೆ_ಮಳೆ
ಹದಿನಾಲ್ಕು.

ಷೇರುಪೇಟೆ_ಶೆಟ್ರು
ಒಂದಕ್ಕೆ ತನ್ನಿ. ಬೋರ್ಡಿನವ್ರು ಹದಿನಾಲ್ಕನೇ ಪುಟಕ್ಕೆ ಬರೋಷ್ಟರಲ್ಲಿ ಗೋಡಂಬಿ ತಿಂದು ಎದ್ದಿರ್ತಾರೆ.